ಮೊದಲು ಹೋಗು, ಆಮೇಲೆ ಕೇಳು

1994ರ ಬೇಸಿಗೆ ರಜೆ. ಹಾಸನದ ನಮ್ಮ ಬಾಡಿಗೆ ಮನೆಯ ಜಗಲಿ ಮೇಲೆ ಅಪ್ಪ ಒಂದು ಕಂದು ಕವರ್ ಹಿಡ್ಕೊಂಡು ಕೂತಿದ್ದರು. ಒಂದು ಸರ್ಕಾರಿ ಬ್ಯಾಂಕಿನಲ್ಲಿ ಹದಿನೇಳು ವರ್ಷ ಗುಮಾಸ್ತರಾಗಿದ್ದವರು ಪ್ರಮೋಷನ್ ಪರೀಕ್ಷೆ ಪಾಸು ಮಾಡಿ ಆಫೀಸರ್ ಆಗಿದ್ದರು. ಹಿಂದಿನ ವಾರವಷ್ಟೇ ಬೀದಿಗೆಲ್ಲ ಮೈಸೂರುಪಾಕು ಹಂಚಿದ್ದೆವು. ಕವರ್ ಒಳಗಿದ್ದದ್ದು ಪೋಸ್ಟಿಂಗ್ ಆರ್ಡರ್: ಉತ್ತರ ಪ್ರದೇಶ, ಗೋರಖಪುರ ಹತ್ತಿರದ ಒಂದು ಶಾಖೆ.

ಅಮ್ಮ ಹಾಸನದಲ್ಲೇ ಅನುದಾನಿತ ಶಾಲೆಯೊಂದರಲ್ಲಿ ಟೀಚರ್. ಅವರ ಕೆಲಸ ಆ ಶಾಲೆಗೆ ಅಂಟಿಕೊಂಡದ್ದು, ಹೊತ್ಕೊಂಡು ಹೋಗೋಕೆ ಆಗಲ್ಲ. ಅಜ್ಜಿಗೆ ಉಬ್ಬಸ. ನಾನು ಏಳನೇ ಕ್ಲಾಸು, ತಂಗಿ ಮೂರನೇ ಕ್ಲಾಸು. "ಕೋರ್ಟಿಗೆ ಹೋಗೋಣ" ಅಂತ ಮೊದಲು ಹೇಳಿದ್ದು ಅಮ್ಮ. ಅವತ್ತು ಸಂಜೆ ಅಪ್ಪನ ಗೆಳೆಯರಾದ ಒಬ್ಬ ವಕೀಲರು ಮನೆಗೆ ಬಂದರು. ಕಾಫಿ ಕುಡಿದು, ಕಾಗದ ಎರಡು ಸಲ ಓದಿ, ಅವರು ಹೇಳಿದ್ದು ಇಷ್ಟು: "ನೋಡ್ರೀ, ಮೊದಲು ಹೋಗಿ ರಿಪೋರ್ಟ್ ಮಾಡ್ಕೊಳ್ಳಿ. ಆಮೇಲೆ ಏನಿದ್ದರೂ ಅರ್ಜಿ ಕೊಡಿ. ಹೋಗದೆ ಇಲ್ಲೇ ಕೂತ್ರೆ ಕೆಲಸಕ್ಕೇ ಕುತ್ತು ಬರುತ್ತೆ."

ಅಪ್ಪ ಹೋದರು. ಮೂರು ವರ್ಷ ಭಾನುವಾರ ರಾತ್ರಿ ಎಸ್‌ಟಿಡಿ ಬೂತಿನ ಮುಂದೆ ನಾವು ನಾಲ್ಕು ಜನ ಸಾಲಾಗಿ ನಿಲ್ತಿದ್ದೆವು.

ವಕೀಲರ ಆ ಮಾತು ನನಗೆ ಬಹಳ ವರ್ಷ ಹೇಡಿತನದ ಮಾತಿನ ಹಾಗೆ ಕೇಳ್ತಿತ್ತು. ಅನ್ಯಾಯ ಆಗಿದ್ರೆ ಕೋರ್ಟಿಗೆ ಹೋಗಬೇಕು ತಾನೆ? ದೊಡ್ಡವನಾದ ಮೇಲೆ ಕುತೂಹಲಕ್ಕೆ ಹಳೇ ತೀರ್ಪುಗಳನ್ನ ಓದ್ತಾ ಹೋದೆ. ಆಗ ಗೊತ್ತಾಯ್ತು, ಆ ವಕೀಲರು ಹೇಳಿದ್ದು ಸುಪ್ರೀಂ ಕೋರ್ಟ್ ಐದು ವರ್ಷದ ಹಿಂದಷ್ಟೇ ಹೇಳಿದ್ದನ್ನ. ಆ ಮಾತು ಎಲ್ಲಿಂದ ಬಂತು, ಅದಕ್ಕೆ ಮುಂಚೆ ಯಾರ್ಯಾರು ಜಗಳ ಆಡಿದ್ದರು, ಆಮೇಲೆ ಏನಾಯ್ತು ಅನ್ನೋದೇ ಈ ಬರಹ.

ಕನ್ನಡದ ಪತ್ರಿಕೆಗಳು ವರ್ಗಾವಣೆಗೆ ಒಂದು ಒಳ್ಳೆ ಪದ ಇಟ್ಕೊಂಡಿವೆ: ಎತ್ತಂಗಡಿ. ಕೇಳಿದ್ರೆ ಸಾಕು, ಸಂತೆಯಲ್ಲಿ ಯಾರದೋ ಅಂಗಡಿ ಎತ್ತಿಸ್ತಿರೋ ಚಿತ್ರ ಕಣ್ಮುಂದೆ ಬರುತ್ತೆ. ಸರ್ಕಾರಿ ಕಾಗದದಲ್ಲಿ ಆ ಪದ ಎಲ್ಲೂ ಇರಲ್ಲ. ಅಲ್ಲಿರೋದು "ಆಡಳಿತಾತ್ಮಕ ಕಾರಣಗಳಿಂದಾಗಿ" ಮತ್ತು "ಸಾರ್ವಜನಿಕ ಹಿತಾಸಕ್ತಿಯಿಂದ". ಈ ಎರಡು ಭಾಷೆಗಳ ನಡುವಿನ ಅಂತರದಲ್ಲೇ ನಮ್ಮ ವರ್ಗಾವಣೆ ಕಾನೂನಿನ ಇಡೀ ಇತಿಹಾಸ ಇದೆ.

ಅಧಿಕಾರಿಗಳನ್ನ ಒಂದೇ ಕಡೆ ಬೇರು ಬಿಡೋಕೆ ಬಿಡಬಾರದು ಅನ್ನೋ ಯೋಚನೆ ಹಳೇದು. ಇಲಾಖೆಗಳ ಮೇಲೆ ಒಬ್ಬರೇ ಕಾಯಂ ಆಗಿ ಇರಬಾರದು ಅಂತ ಕೌಟಿಲ್ಯನ ಅರ್ಥಶಾಸ್ತ್ರದಲ್ಲೇ ಇದೆ. ಬ್ರಿಟಿಷರು ಅದನ್ನ ನಿಯಮ ಮಾಡಿದರು. 1922ರಲ್ಲಿ ಜಾರಿಗೆ ಬಂದ 'ಫಂಡಮೆಂಟಲ್ ರೂಲ್ಸ್' ಪ್ರಕಾರ ನೌಕರನ ಇಡೀ ಸಮಯ ಸಂಬಳ ಕೊಡೋ ಸರ್ಕಾರದ್ದು, ಅವನನ್ನ ಒಂದು ಹುದ್ದೆಯಿಂದ ಇನ್ನೊಂದಕ್ಕೆ ಹಾಕೋ ಅಧಿಕಾರವೂ ಸರ್ಕಾರದ್ದು. ಅದರ 15ನೇ ನಿಯಮದಲ್ಲಿ ಒಂದು ಸಣ್ಣ ರಕ್ಷಣೆ ಇತ್ತು: ಅಸಮರ್ಥತೆ, ದುರ್ನಡತೆ ಅಥವಾ ನೌಕರನ ಸ್ವಂತ ಕೋರಿಕೆ ಇದ್ದರೆ ಹೊರತು ಕಡಿಮೆ ಸಂಬಳದ ಹುದ್ದೆಗೆ ಹಾಕೋ ಹಾಗಿಲ್ಲ. ಅಂದರೆ ಸಂಬಳ ಕಡಿಮೆಯಾದ್ರೆ ಕೇಳಬಹುದು. ಸಂಸಾರ ಚೆಲ್ಲಾಪಿಲ್ಲಿಯಾದ್ರೆ ಕೇಳೋ ಹಾಗಿಲ್ಲ.

ಸಂವಿಧಾನ ಬಂದ ಮೇಲೂ ದೊಡ್ಡ ವ್ಯತ್ಯಾಸ ಆಗಲಿಲ್ಲ. 311ನೇ ವಿಧಿ ಸರ್ಕಾರಿ ನೌಕರರನ್ನ ವಿಚಾರಣೆ ಇಲ್ಲದೆ ವಜಾ ಮಾಡಬಾರದು, ಹಿಂಬಡ್ತಿ ಕೊಡಬಾರದು ಅನ್ನುತ್ತೆ. ವರ್ಗಾವಣೆ ಬಗ್ಗೆ ಅದು ಮಾತೇ ಆಡಲ್ಲ, ಯಾಕಂದ್ರೆ ಕಾನೂನಿನ ಲೆಕ್ಕದಲ್ಲಿ ವರ್ಗಾವಣೆ ಶಿಕ್ಷೆ ಅಲ್ಲ. ಈ ಒಂದು ಬಿರುಕಿನಿಂದಾಗಿಯೇ ಅದು ಅಷ್ಟು ಅನುಕೂಲದ ಆಯುಧ ಆಯ್ತು. ವಜಾ ಮಾಡಬೇಕಾದ್ರೆ ಕಾರಣ ಬರೀಬೇಕು, ಆರೋಪಪಟ್ಟಿ ಕೊಡಬೇಕು, ವಿಚಾರಣೆ ನಡೆಸಬೇಕು. ಎತ್ತಂಗಡಿಗೆ ಒಂದು ಸಾಲು ಸಾಕು.

ಇಲ್ಲಿ ಸರ್ಕಾರಿ ನೌಕರರಿಗೂ ಸಾರ್ವಜನಿಕ ವಲಯದ ನೌಕರರಿಗೂ ಇರೋ ಒಂದು ವ್ಯತ್ಯಾಸ ಹೇಳಬೇಕು. ಬ್ಯಾಂಕು, ಎಲ್‌ಐಸಿ, ವಿದ್ಯುತ್ ಮಂಡಳಿ ನೌಕರರಿಗೆ 311ನೇ ವಿಧಿಯ ರಕ್ಷಣೆ ಇಲ್ಲ. ಹಾಗಾದ್ರೆ ಅವರು ಹೈಕೋರ್ಟಿಗೆ ಹೋಗೋದು ಹೇಗೆ? ದಾರಿ ಸಿಕ್ಕಿದ್ದು 12ನೇ ವಿಧಿಯಿಂದ. ಆ ವಿಧಿ 'ರಾಜ್ಯ' ಅಂದ್ರೆ ಏನು ಅಂತ ಹೇಳುತ್ತೆ. ಮೂಲಭೂತ ಹಕ್ಕುಗಳನ್ನ ಕೇಳೋದು ಆ 'ರಾಜ್ಯ'ದ ವಿರುದ್ಧ. 1967ರಲ್ಲಿ ರಾಜಸ್ಥಾನದ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮಂಡಳಿಯೂ 'ರಾಜ್ಯ'ವೇ ಅಂತು. 1975ರ ಸುಖದೇವ್ ಸಿಂಗ್ ಪ್ರಕರಣದಲ್ಲಿ ಎಲ್‌ಐಸಿ, ಓಎನ್‌ಜಿಸಿ ಕೂಡ ಆ ಪಟ್ಟಿಗೆ ಸೇರಿದವು. ಒಮ್ಮೆ 'ರಾಜ್ಯ' ಅನಿಸಿಕೊಂಡ ಮೇಲೆ ಸಮಾನತೆ ಹೇಳೋ 14ನೇ ವಿಧಿ ಅವರಿಗೂ ಅನ್ವಯ. ನೌಕರ ಹೈಕೋರ್ಟಿನಲ್ಲಿ ರಿಟ್ ಹಾಕಿ "ನನ್ನನ್ನೇ ಯಾಕೆ?" ಅಂತ ಕೇಳಬಹುದು.

ಇದು ಕನ್ನಡಿಗರಿಗೆ ತುಂಬಾ ಹತ್ತಿರದ ವಿಷಯ. 1969ರ ಜುಲೈ 19ರಂದು ರಾಷ್ಟ್ರೀಕರಣವಾದ 14 ಬ್ಯಾಂಕುಗಳಲ್ಲಿ ಕೆನರಾ, ಸಿಂಡಿಕೇಟ್ ಎರಡೂ ನಮ್ಮ ಕರಾವಳಿಯಲ್ಲಿ ಹುಟ್ಟಿದವು. 1980ರ ಎರಡನೇ ಸುತ್ತಿನಲ್ಲಿ ವಿಜಯಾ, ಕಾರ್ಪೊರೇಷನ್ ಬ್ಯಾಂಕುಗಳೂ ಹೋದವು. ಊರಿನ ಬ್ಯಾಂಕು ದೇಶದ ಬ್ಯಾಂಕಾದಾಗ ಉಡುಪಿ, ಮಂಗಳೂರಿನ ಹುಡುಗರು ಮೀರತ್, ಪಟ್ನಾ, ಜೋರ್ಹಾಟ್ ಶಾಖೆಗಳಿಗೆ ಹೊರಟರು. ನಿಮ್ಮ ಆಫೀಸಲ್ಲಿ ಚೆನ್ನಾಗಿ ಹಿಂದಿ ಮಾತಾಡೋ ಕನ್ನಡದ ಸಹೋದ್ಯೋಗಿ ಯಾರಾದ್ರೂ ಇದ್ರೆ, "ನಿಮ್ಮಪ್ಪ ಬ್ಯಾಂಕಾ?" ಅಂತ ಒಮ್ಮೆ ಕೇಳಿ ನೋಡಿ.

"ನನ್ನನ್ನೇ ಯಾಕೆ?" ಅನ್ನೋ ಪ್ರಶ್ನೆಯನ್ನ ಎಲ್ಲರಿಗಿಂತ ದೊಡ್ಡ ದನಿಯಲ್ಲಿ ಕೇಳಿದವರು ಒಬ್ಬ ದೊಡ್ಡ ಅಧಿಕಾರಿ. ಇ.ಪಿ. ರಾಯಪ್ಪ 1969ರಲ್ಲಿ ತಮಿಳುನಾಡಿನ ಮುಖ್ಯ ಕಾರ್ಯದರ್ಶಿ ಆದರು. 1971ರ ಚುನಾವಣೆ ಮುಗಿದ ಮೇಲೆ ಅವರನ್ನ ರಾಜ್ಯ ಯೋಜನಾ ಆಯೋಗದ ಉಪಾಧ್ಯಕ್ಷ ಹುದ್ದೆಗೆ ಹಾಕಿದರು, 1972ರಲ್ಲಿ ವಿಶೇಷ ಕರ್ತವ್ಯಾಧಿಕಾರಿ ಹುದ್ದೆಗೆ. ಸಂಬಳ ಅಷ್ಟೇ, ದರ್ಜೆ ಅಷ್ಟೇ, ಆದ್ರೆ ಕೆಲಸ ಏನಿದೆ? ಚುನಾವಣೆ ಸಮಯದಲ್ಲಿ ಆಳೋ ಪಕ್ಷಕ್ಕೆ ಹಿಡಿಸದ ಹಾಗೆ ನಡ್ಕೊಂಡದ್ದಕ್ಕೆ ಈ ಸೇಡು ಅನ್ನೋದು ರಾಯಪ್ಪನವರ ವಾದ. ಅವರು ನೇರ ಸುಪ್ರೀಂ ಕೋರ್ಟಿಗೇ ಹೋದರು.

1973ರ ನವೆಂಬರಿನಲ್ಲಿ ಐದು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ರಾಯಪ್ಪ ಸೋತರು. ದುರುದ್ದೇಶ ಇತ್ತು ಅಂತ ಆರೋಪ ಮಾಡೋದು ಸುಲಭ, ಸಾಬೀತು ಮಾಡೋ ಭಾರ ಆರೋಪ ಮಾಡಿದವರದ್ದು, ಆ ಭಾರ ಬಹಳ ಹೆಚ್ಚು ಅಂತ ಕೋರ್ಟ್ ಹೇಳ್ತು. ಆದ್ರೆ ಅದೇ ತೀರ್ಪಿನಲ್ಲಿ ನ್ಯಾಯಮೂರ್ತಿ ಪಿ.ಎನ್. ಭಗವತಿ ಒಂದು ಮಾತು ಬರೆದರು. ಸಮಾನತೆಗೂ ಮನಸ್ಸಿಗೆ ಬಂದ ಹಾಗೆ ನಡೆಯೋದಕ್ಕೂ ಹಗೆ; ಒಂದು ಗಣರಾಜ್ಯದ ಕಾನೂನಿಗೆ ಸೇರಿದ್ದು, ಇನ್ನೊಂದು ರಾಜನ ಮರ್ಜಿಗೆ ಸೇರಿದ್ದು ಅನ್ನೋದು ಅದರ ಸಾರ. ಅಲ್ಲೀವರೆಗೆ 14ನೇ ವಿಧಿ ಅಂದ್ರೆ ಮುಖ್ಯವಾಗಿ ಇಬ್ಬರನ್ನ ಹೋಲಿಸಿ ಭೇದ ಆಗಿದೆಯಾ ಅಂತ ನೋಡೋದು. ಇಲ್ಲಿಂದ ಮುಂದೆ, ಹೋಲಿಸೋಕೆ ಇನ್ನೊಬ್ಬ ಇಲ್ಲದಿದ್ರೂ, ಕಾರಣ ಇಲ್ಲದ ಸರ್ಕಾರಿ ಆದೇಶವೇ ಸಮಾನತೆಗೆ ವಿರುದ್ಧ ಅನ್ನೋ ದಾರಿ ತೆರೀತು. 1978ರ ಮೇನಕಾ ಗಾಂಧಿ ಪಾಸ್‌ಪೋರ್ಟ್ ಪ್ರಕರಣ ಬೆಳೆದದ್ದು ಇದರ ಮೇಲೆ. ಇವತ್ತು ಟೆಂಡರು, ಸೀಟು ಹಂಚಿಕೆ, ಲೈಸೆನ್ಸು, ಯಾವುದರ ಬಗ್ಗೆ ಕೋರ್ಟಿಗೆ ಹೋದ್ರೂ ವಕೀಲರು ರಾಯಪ್ಪ ಪ್ರಕರಣ ತೆಗೀತಾರೆ. ಅದು ಮೂಲದಲ್ಲಿ ಒಬ್ಬ ನೌಕರ ಸೋತ ವರ್ಗಾವಣೆ ಕೇಸು ಅನ್ನೋದು ಎಷ್ಟೋ ಜನರಿಗೆ ಗೊತ್ತಿಲ್ಲ.

ಅದಾಗಿ ಮೂರು ವರ್ಷಕ್ಕೆ ನ್ಯಾಯ ಹೇಳೋರಿಗೇ ಎತ್ತಂಗಡಿ ಬಂತು. ತುರ್ತುಪರಿಸ್ಥಿತಿಯ 1976ರಲ್ಲಿ 16 ಜನ ಹೈಕೋರ್ಟ್ ನ್ಯಾಯಮೂರ್ತಿಗಳನ್ನ ಅವರ ಒಪ್ಪಿಗೆ ಇಲ್ಲದೆ ಬೇರೆ ಬೇರೆ ರಾಜ್ಯಗಳಿಗೆ ಕಳಿಸಿದರು. ಕರ್ನಾಟಕದಿಂದ ಡಿ.ಎಂ. ಚಂದ್ರಶೇಖರ್ ಅಲಹಾಬಾದಿಗೆ, ಎಂ. ಸದಾನಂದಸ್ವಾಮಿ ಗುವಾಹಟಿಗೆ. ಗುಜರಾತಿನಿಂದ ಆಂಧ್ರಕ್ಕೆ ಹೋಗಬೇಕಾಗಿ ಬಂದ ನ್ಯಾಯಮೂರ್ತಿ ಸಂಕಲ್‌ಚಂದ್ ಶೇಠ್ ಮಾತ್ರ ಕೇಸು ಹಾಕಿದರು. ಅವರು ಮಾಡಿದ್ದೂ ನಮ್ಮ ವಕೀಲರು ಹೇಳಿದ್ದನ್ನೇ: ಹೋಗಿ ಅಧಿಕಾರ ವಹಿಸಿಕೊಂಡರು, ಆಮೇಲೆ ಪ್ರಶ್ನೆ ಕೇಳಿದರು. 1977ರಲ್ಲಿ ಸುಪ್ರೀಂ ಕೋರ್ಟ್ ಬಹುಮತದಿಂದ, ಒಪ್ಪಿಗೆ ಇಲ್ಲದೆಯೂ ವರ್ಗ ಮಾಡಬಹುದು, ಆದ್ರೆ ಸಾರ್ವಜನಿಕ ಹಿತ ಇರಬೇಕು, ಮುಖ್ಯ ನ್ಯಾಯಮೂರ್ತಿಗಳ ಜೊತೆ ನಿಜವಾದ ಸಮಾಲೋಚನೆ ನಡೆದಿರಬೇಕು ಅಂತು. ಅಷ್ಟರಲ್ಲಿ ಸರ್ಕಾರ ಬದಲಾಗಿ ಅವರನ್ನ ವಾಪಸ್ ಕಳಿಸೋಕೆ ಒಪ್ಪಿತ್ತು.

ಸಾಮಾನ್ಯ ನೌಕರನಿಗೆ ಸಮಾಲೋಚನೆ ಮಾಡೋಕೆ ಯಾವ ಮುಖ್ಯ ನ್ಯಾಯಮೂರ್ತಿಯೂ ಇರಲಿಲ್ಲ. ಅವನ ಪರಿಸ್ಥಿತಿ ಏನು ಅನ್ನೋದು 1986ರಲ್ಲಿ ಕರ್ನಾಟಕದಿಂದಲೇ ಹೋದ ವರದರಾವ್ ಪ್ರಕರಣದಲ್ಲಿ ಸ್ಪಷ್ಟವಾಯ್ತು. ಪ್ರಶ್ನೆ ಒಣ ಪ್ರಶ್ನೆ: ವರ್ಗಾವಣೆಯಿಂದ ಸೇವಾ ಷರತ್ತು ಕೆಟ್ಟ ಹಾಗಾಯ್ತಾ, ಅದರ ಮೇಲೆ ಇಲಾಖೆಯೊಳಗೆ ಮೇಲ್ಮನವಿ ಹಾಕಬಹುದಾ? ಸುಪ್ರೀಂ ಕೋರ್ಟ್ ಇಲ್ಲ ಅಂತು. ವರ್ಗಾವಣೆ ನೌಕರಿಯ ಜೊತೆಗೇ ಬರೋದು. ಆದ್ರೆ ಅದೇ ತೀರ್ಪು ಪದೇ ಪದೇ, ಹೊತ್ತಲ್ಲದ ಹೊತ್ತಲ್ಲಿ ಮಾಡೋ ವರ್ಗಾವಣೆ ಒಂದು ಸಂಸಾರವನ್ನ ಬೇರುಸಮೇತ ಕೀಳುತ್ತೆ, ಮಕ್ಕಳ ಓದು ಹಾಳು ಮಾಡುತ್ತೆ, ನೌಕರನನ್ನ ಹತಾಶೆಗೆ ತಳ್ಳುತ್ತೆ, ನೀತಿ ಎಲ್ಲರಿಗೂ ಒಂದೇ ಥರ ಇರಬೇಕು ಅಂತಲೂ ಹೇಳ್ತು. ಹಾಗೇ, ದೊಡ್ಡ ಹುದ್ದೆಯವರು ಒಂದೇ ಕಡೆ ತಳ ಊರಿದ್ರೆ ಪಟ್ಟಭದ್ರ ಹಿತಾಸಕ್ತಿ ಬೆಳೆಯುತ್ತೆ ಅಂತಲೂ ಎಚ್ಚರಿಸ್ತು. ಕಷ್ಟ ಅರ್ಥವಾಗುತ್ತೆ, ಆದ್ರೆ ಪರಿಹಾರ ನಮ್ಮ ಕೈಲಿಲ್ಲ. ಆ ಕಾಲದ ತೀರ್ಪುಗಳಲ್ಲಿ ಈ ದನಿ ಮತ್ತೆ ಮತ್ತೆ ಕೇಳುತ್ತೆ.

ಇನ್ನು ನಮ್ಮನೆಗೆ ಬಂದ ವಕೀಲರ ಮಾತಿನ ಮೂಲ. ಗುಜರಾತ್ ವಿದ್ಯುತ್ ಮಂಡಳಿಯ ಒಬ್ಬ ಇಂಜಿನಿಯರ್‌ಗೆ 1974ರಲ್ಲಿ ಸೂರತ್‌ನಿಂದ ಉಕಾಯ್‌ಗೆ ವರ್ಗವಾಯ್ತು. ದೂರವೇನಲ್ಲ, ತಾಪಿ ನದಿಯ ದೊಡ್ಡ ಅಣೆಕಟ್ಟು ಇರೋ ಊರು. ಅವರು ಹೋಗಲಿಲ್ಲ. ಆರ್ಡರ್ ರದ್ದು ಮಾಡಿ ಅಂತ ಮನವಿ ಕೊಟ್ಟು ಕಾದರು. ಮಂಡಳಿ ಹಾಜರಾಗಿ ಅಂತ ಬರೀತು. ಅವರು ಹಾಜರಾಗಲಿಲ್ಲ. ಎರಡು ತಿಂಗಳೊಳಗೆ ಅವರನ್ನ ಕೆಲಸದಿಂದ ತೆಗೆದರು. ಗುಜರಾತ್ ಹೈಕೋರ್ಟ್ ಅವರ ಪರ ನಿಂತಿತು. ಕೇಸು ಸುಪ್ರೀಂ ಕೋರ್ಟಿನಲ್ಲಿ ಮುಗಿದಿದ್ದು 1989ರಲ್ಲಿ, ಅಂದ್ರೆ ಹದಿನೈದು ವರ್ಷದ ಮೇಲೆ, ಅವರ ವಿರುದ್ಧ. ಮನವಿ ಕೊಡೋ ಹಕ್ಕು ನೌಕರನಿಗೆ ಇದೆ. ಆದ್ರೆ ಮನವಿ ಕೊಟ್ಟ ಮಾತ್ರಕ್ಕೆ, ಆದೇಶಕ್ಕೆ ತಡೆ ಸಿಗದೆ, ಹೋಗದೆ ಇರೋ ಹಕ್ಕಿಲ್ಲ. ಹೋಗದಿದ್ರೆ ಶಿಸ್ತುಕ್ರಮಕ್ಕೆ ತಾನೇ ಕುತ್ತಿಗೆ ಕೊಟ್ಟ ಹಾಗೆ. ಮೊದಲು ಹೋಗು, ಆಮೇಲೆ ಕೇಳು. ಆ ಇಂಜಿನಿಯರ್ ಕಥೆ ವಕೀಲರಿಗೆ ಗೊತ್ತಿತ್ತು. ಅವರು ನಮ್ಮನೆಯ ಅನ್ನ ಉಳಿಸಿದರು ಅಂತ ನನಗೆ ಅರ್ಥ ಆಗೋಕೆ ಇಪ್ಪತ್ತು ವರ್ಷ ಬೇಕಾಯ್ತು.

ಮುಂದಿನ ಮೂರ್ನಾಲ್ಕು ವರ್ಷದಲ್ಲಿ ಬಂದ ಮೂರು ತೀರ್ಪು ಬಾಗಿಲನ್ನ ಇನ್ನೂ ಬಿಗಿ ಮಾಡಿದವು. ಒಂದು ಬಿಹಾರದ್ದು. ಗಂಡ ಕೆಲಸ ಮಾಡೋ ಊರಿಗೆ ವರ್ಗ ಕೊಡಿ ಅಂತ ಕೇಳಿದ ಪ್ರಾಥಮಿಕ ಶಾಲಾ ಶಿಕ್ಷಕಿಯರಿಗೆ ಸರ್ಕಾರ ವರ್ಗ ಕೊಟ್ಟಿತು, ಅವರಿಂದ ಜಾಗ ಕಳ್ಕೊಂಡವರು ಕೋರ್ಟಿಗೆ ಹೋದರು. ಸುಪ್ರೀಂ ಕೋರ್ಟ್ ಆ ಶಿಕ್ಷಕಿಯರ ವರ್ಗಾವಣೆ ಉಳಿಸ್ತು. ಜೊತೆಗೆ ಒಂದು ಗೆರೆ ಎಳೀತು: ಕಡ್ಡಾಯವಾದ ಶಾಸನಬದ್ಧ ನಿಯಮ ಮುರಿದಿರಬೇಕು, ಇಲ್ಲಾ ದುರುದ್ದೇಶ ಇರಬೇಕು, ಇಲ್ಲದಿದ್ರೆ ಕೋರ್ಟುಗಳು ಕೈ ಹಾಕಬಾರದು.

ಎರಡನೇದು ಬ್ಯಾಂಕ್ ಆಫ್ ಇಂಡಿಯಾ ಪ್ರಕರಣ. ಇದನ್ನ ಓದುವಾಗ ನನಗೆ ನಮ್ಮ ಜಗಲಿ ನೆನಪಾಯ್ತು. ಪ್ರಮೋಷನ್ ಪಡೆದು ದೂರ ಹೋಗಬೇಕಾಗಿ ಬಂದ ಅಧಿಕಾರಿ, ಹೆಂಡತಿ ಚಂಡೀಗಢದಲ್ಲಿ ಕೆಲಸದಲ್ಲಿದ್ದಾರೆ, ನನ್ನನ್ನೂ ಅಲ್ಲೇ ಹಾಕಿ ಅಂತ ಕೇಳಿದ್ದರು. ಗಂಡ ಹೆಂಡತಿ ಆದಷ್ಟೂ ಒಂದೇ ಊರಲ್ಲಿರಲಿ ಅಂತ ಕೇಂದ್ರ ಸರ್ಕಾರ 1986ರಲ್ಲೇ ಮಾರ್ಗಸೂಚಿ ಹೊರಡಿಸಿತ್ತು. ಕೋರ್ಟ್ ಹೇಳಿದ್ದು: ಒಟ್ಟಿಗೆ ಇರೋದು ಒಳ್ಳೇದೇ. ಆದ್ರೆ ದೇಶದ ಎಲ್ಲಿಗಾದ್ರೂ ಹಾಕಬಹುದಾದ ನೌಕರಿ ಅಥವಾ ಬಡ್ತಿ ಒಪ್ಪಿಕೊಳ್ಳೋವಾಗಲೇ ವೃತ್ತಿಯೋ ಸಂಸಾರವೋ ಅಂತ ದಂಪತಿ ಯೋಚಿಸಬೇಕು. ಬಡ್ತಿ ತಗೊಂಡ ಮೇಲೆ ಒಂದೇ ಊರು ಅನ್ನೋದನ್ನ ಹಕ್ಕು ಅಂತ ಕೇಳೋ ಹಾಗಿಲ್ಲ. ಪ್ರಮೋಷನ್ ಬೇಡ ಅಂತ ಬರೆದುಕೊಟ್ಟು ಗುಮಾಸ್ತರಾಗಿಯೇ ನಿವೃತ್ತರಾದ ಎಷ್ಟೋ ಮಂದಿ ಬ್ಯಾಂಕಿನವರನ್ನ ನಾನು ನೋಡಿದ್ದೀನಿ. ಅವರಲ್ಲಿ ಹೆಂಗಸರೇ ಹೆಚ್ಚು. ಆ ಹೊಸ್ತಿಲಲ್ಲಿ ಯಾರು ಹಿಂದೆ ಸರೀತಾರೆ ಅಂತ ಆ ತೀರ್ಪು ಕೇಳಲಿಲ್ಲ.

ಮೂರನೇದು 1993ರದ್ದು. ಶಿಲ್ಲಾಂಗಿನ ಸಸ್ಯ ಸರ್ವೇಕ್ಷಣಾ ಸಂಸ್ಥೆಯಲ್ಲಿ ಉದ್ಯಾನ ನೋಡ್ಕೊಳ್ತಿದ್ದ ನೌಕರನಿಗೆ ಪೌಡಿಗೆ ವರ್ಗ. ಹೆಂಡತಿಯ ಕೆಲಸ, ಮಕ್ಕಳ ಶಾಲೆ ಎರಡೂ ಶಿಲ್ಲಾಂಗಿನಲ್ಲಿ, ಜೊತೆಗೆ ಬೆನ್ನಿನ ತೊಂದರೆ. ಕೇಂದ್ರ ಆಡಳಿತಾತ್ಮಕ ನ್ಯಾಯಮಂಡಳಿ ಆರ್ಡರ್ ರದ್ದು ಮಾಡ್ತು. ಸುಪ್ರೀಂ ಕೋರ್ಟ್ ಅದನ್ನ ತಿರುಗಿಸ್ತು. ಯಾರನ್ನ ಎಲ್ಲಿ ಹಾಕಬೇಕು ಅನ್ನೋದು ಇಲಾಖೆಯ ತೀರ್ಮಾನ, ಮಾರ್ಗಸೂಚಿಗಳಿಗೆ ಕಾನೂನಿನ ಬಲ ಇಲ್ಲ, ನ್ಯಾಯಮಂಡಳಿ ವರ್ಗಾವಣೆಗಳ ಮೇಲ್ಮನವಿ ಪ್ರಾಧಿಕಾರ ಅಲ್ಲ. ಅಪ್ಪನ ಕವರ್ ಬಂದದ್ದು ಇದರ ಮಾರನೇ ವರ್ಷ.

ಕೋರ್ಟುಗಳಿಗೆ ಕರುಣೆ ಇರಲಿಲ್ಲ ಅಂತ ಹೇಳಿ ಮುಗಿಸೋದು ಸುಲಭ. ಆದ್ರೆ ಇನ್ನೊಂದು ಕಡೆಯೂ ಇದೆ. ಎಲ್ಲರಿಗೂ ಸ್ಟೇ ಸಿಕ್ಕಿದ್ರೆ ಯಾದಗಿರಿಯ ಹಳ್ಳಿ ಶಾಲೆಗೆ ಮೇಷ್ಟ್ರು ಯಾರು ಬರ್ತಾರೆ? ನಮ್ಮ ಕಡೆ ಸಿಟ್ಟು ಬಂದ್ರೆ "ಬೀದರ್‌ಗೆ ಎತ್ತಂಗಡಿ ಮಾಡಿಸ್ತೀನಿ" ಅಂತ ಹೆದರಿಸೋದು ವಾಡಿಕೆ. ಬೀದರಿನವರಿಗೆ ಆ ಮಾತು ಹೇಗೆ ಕೇಳಬಹುದು ಅಂತ ಯೋಚಿಸಿದ್ದೀವಾ? ಒಬ್ಬನಿಗೆ ಶಿಕ್ಷೆ ಅಂತ ಕಳಿಸೋ ಜಾಗ ಇನ್ನೊಬ್ಬರ ಊರು. ಅಪ್ಪ ಗೋರಖಪುರದಿಂದ ಬರೆದ ಒಂದು ಪತ್ರದಲ್ಲಿ, ತಮಗಿಂತ ಮುಂಚೆ ಆ ಶಾಖೆಗೆ ಹಾಕಿದ್ದ ಆಫೀಸರ್ ಬರಲೇ ಇಲ್ಲ, ಕಬ್ಬು ಬೆಳೆಯೋರ ಸಾಲದ ಅರ್ಜಿಗಳು ಏಳು ತಿಂಗಳಿಂದ ಹಾಗೇ ಬಿದ್ದಿದ್ದವು ಅಂತ ಇತ್ತು. ಆ ಪತ್ರ ಓದಿ ಅಮ್ಮ ಏನೂ ಮಾತಾಡಲಿಲ್ಲ.

ಹಾಗಾಗಿ ನಿಜವಾದ ಪ್ರಶ್ನೆ ವರ್ಗಾವಣೆ ಬೇಕಾ ಬೇಡವಾ ಅನ್ನೋದಲ್ಲ. ಸಾಲು ಪ್ರಕಾರ ಬಂದ ವರ್ಗಾವಣೆ ಯಾವುದು, ಸೇಡಿನ ಎತ್ತಂಗಡಿ ಯಾವುದು, ಅದನ್ನ ಗುರುತಿಸೋದು ಹೇಗೆ? ಕಾರ್ಮಿಕರ ಮಟ್ಟಿಗೆ 1982ರ ತಿದ್ದುಪಡಿ ಒಂದು ಉತ್ತರ ಕೊಟ್ಟಿತ್ತು. ಆಡಳಿತ ನೀತಿಯ ನೆಪದಲ್ಲಿ ದುರುದ್ದೇಶದಿಂದ ಕಾರ್ಮಿಕನನ್ನ ವರ್ಗ ಮಾಡೋದು ಅನುಚಿತ ಕಾರ್ಮಿಕ ಪದ್ಧತಿ ಅಂತ ಕೈಗಾರಿಕಾ ವಿವಾದ ಕಾಯ್ದೆಯ ಐದನೇ ಅನುಸೂಚಿಯಲ್ಲಿ ಸೇರಿಸಿದರು. ಆದ್ರೆ ಅಧಿಕಾರಿ ದರ್ಜೆಯವರು ಅದರ ಹೊರಗೆ. ಅವರಿಗೆ ಉಳಿದದ್ದು ರಾಯಪ್ಪ ಹೊರಲಾಗದ ಆ ಭಾರ: ದುರುದ್ದೇಶ ಸಾಬೀತು ಮಾಡೋದು. ಮೇಲಧಿಕಾರಿಯ ಮನಸ್ಸಲ್ಲಿದ್ದದ್ದಕ್ಕೆ ಸಾಕ್ಷಿ ಎಲ್ಲಿಂದ ತರೋದು?

ಈ ಗಂಟು ಸ್ವಲ್ಪ ಸಡಿಲವಾಗಿದ್ದು 2008ರಲ್ಲಿ. ಭೋಪಾಲಿನಲ್ಲಿದ್ದ ಕೇಂದ್ರ ಅಬಕಾರಿ ಇಲಾಖೆಯ ಅಧಿಕಾರಿ ಸೋಮೇಶ್ ತಿವಾರಿ ವಿರುದ್ಧ ಹೆಸರಿಲ್ಲದ ಒಂದು ದೂರು ಬಂತು. ವಿಚಾರಣೆಯಲ್ಲಿ ದೂರಿನಲ್ಲಿ ಹುರುಳಿಲ್ಲ ಅಂತ ಆಯ್ತು. ಆದ್ರೂ ಅವರನ್ನ ಶಿಲ್ಲಾಂಗಿಗೆ ಹಾಕಿದರು, ಆಮೇಲೆ ಬದಲಿಸಿ ಅಹಮದಾಬಾದಿಗೆ. ಸುಪ್ರೀಂ ಕೋರ್ಟ್ ಆ ಆದೇಶವನ್ನ ರದ್ದು ಮಾಡ್ತು. ದುರುದ್ದೇಶದಲ್ಲಿ ಎರಡು ಬಗೆ ಅಂತ ವಿವರಿಸ್ತು. ಒಂದು, ಯಾರದೋ ಮನಸ್ಸಿನ ಹಗೆ. ಇನ್ನೊಂದು, ವರ್ಗಾವಣೆಗೆ ಸಂಬಂಧವೇ ಇಲ್ಲದ ಕಾರಣದ ಮೇಲೆ ಆದೇಶ ಹೊರಡಿಸೋದು. ಇದು ಕಾನೂನಿನ ಕಣ್ಣಿಗೆ ಕಾಣೋ ದುರುದ್ದೇಶ. ಎರಡನೇದಕ್ಕೆ ಯಾರ ಮನಸ್ಸನ್ನೂ ಬಗೆದು ನೋಡಬೇಕಾಗಿಲ್ಲ, ಕಡತ ನೋಡಿದ್ರೆ ಸಾಕು. ಶಿಕ್ಷೆಯ ಬದಲಿಗೆ ಮಾಡಿದ ವರ್ಗಾವಣೆ ಕಾನೂನುಬಾಹಿರ ಅಂತ ಅಲ್ಲಿ ಬಾಯಿಬಿಟ್ಟು ಹೇಳ್ತು. ಜನ ಅಷ್ಟು ವರ್ಷದಿಂದ 'ಎತ್ತಂಗಡಿ' ಅಂತಿದ್ದದ್ದು ಇದಕ್ಕೇ.

2020ರ ಫೆಬ್ರವರಿಯಲ್ಲಿ ಬಂದ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಯ್ತು. ಪಂಜಾಬ್ ಅಂಡ್ ಸಿಂಧ್ ಬ್ಯಾಂಕಿನ ಇಂದೋರ್ ಶಾಖೆಯಲ್ಲಿದ್ದ ಒಬ್ಬ ಹಿರಿಯ ಮಹಿಳಾ ಅಧಿಕಾರಿ, ಮದ್ಯದ ಗುತ್ತಿಗೆದಾರರ ಖಾತೆಗಳಲ್ಲಿ ಅಕ್ರಮ ನಡೀತಿದೆ ಅಂತ ಮೇಲಿನವರಿಗೆ ಬರೆದಿದ್ದರು. 2017ರ ಡಿಸೆಂಬರಿನಲ್ಲಿ ಅವರನ್ನ ಜಬಲ್ಪುರ ಜಿಲ್ಲೆಯ ಒಂದು ಸಣ್ಣ ಶಾಖೆಗೆ ಹಾಕಿದರು. ಅವರು ನಾಲ್ಕನೇ ಸ್ಕೇಲಿನ ಅಧಿಕಾರಿ. ಆ ಶಾಖೆ ಮೊದಲನೇ ಸ್ಕೇಲಿನವರಿಗೆ ಮೀಸಲಾದದ್ದು. ಮೇಲಧಿಕಾರಿಯೊಬ್ಬರ ವಿರುದ್ಧ ಲೈಂಗಿಕ ಕಿರುಕುಳದ ದೂರನ್ನೂ ಅವರು ಕೊಟ್ಟಿದ್ದರು. ದೂರು ವಿಚಾರಿಸೋ ಸಮಿತಿಯಲ್ಲಿ ಹೊರಗಿನ ಸ್ವತಂತ್ರ ಸದಸ್ಯರಾಗಿ ಕೂತಿದ್ದವರು ಬ್ಯಾಂಕಿನ ವಕೀಲರ ಪಟ್ಟಿಯಲ್ಲೇ ಇದ್ದವರು. ಹೈಕೋರ್ಟ್ ವರ್ಗಾವಣೆ ರದ್ದು ಮಾಡ್ತು. ಬ್ಯಾಂಕ್ ಸುಪ್ರೀಂ ಕೋರ್ಟಿಗೆ ಹೋಯ್ತು, ಅಲ್ಲೂ ಸೋಲ್ತು. ಇದು ಆಕೆಯನ್ನ ಬಲಿ ಹಾಕಿದ್ದು ಅಂತ ಕೋರ್ಟ್ ಹೇಳ್ತು. ಕನಿಷ್ಠ ಒಂದು ವರ್ಷಕ್ಕೆ ಇಂದೋರಿಗೇ ವಾಪಸ್ ಹಾಕಿ, 50,000 ರೂಪಾಯಿ ಖರ್ಚು ಕೊಡಿ ಅಂತ ಆದೇಶಿಸ್ತು. ಅಧಿಕಾರ ಇರೋರು ಮಹಿಳೆಗೆ ಕಿರುಕುಳ ಕೊಡೋಕೆ ವರ್ಗಾವಣೆಯನ್ನ ಬಳಸೋದೂ ಸಮಾನತೆಯ ಪ್ರಶ್ನೆಯೇ ಅಂತ ಆ ತೀರ್ಪು ನೋಡಿತು.

ಎರಡು ವರ್ಷದ ನಂತರ, 2022ರ ಮಾರ್ಚಿನಲ್ಲಿ, ಕಸ್ಟಮ್ಸ್ ಮತ್ತು ಕೇಂದ್ರ ತೆರಿಗೆ ಇನ್ಸ್‌ಪೆಕ್ಟರ್‌ಗಳ ಪ್ರಕರಣ. ಒಂದು ವಲಯದಿಂದ ಇನ್ನೊಂದಕ್ಕೆ ಕೋರಿಕೆ ವರ್ಗಾವಣೆ ನಿಲ್ಲಿಸಿದ್ದನ್ನ ಸುಪ್ರೀಂ ಕೋರ್ಟ್ ಎತ್ತಿ ಹಿಡೀತು. ಹಳೇ ನಿಯಮ ಹಾಗೇ ಉಳೀತು. ಆದ್ರೆ ಗಂಡ ಹೆಂಡತಿ ಒಂದೇ ಕಡೆ ಇರೋದು, ಅಂಗವಿಕಲರ ಅಗತ್ಯ, ಅನುಕಂಪದ ಕಾರಣಗಳು ಇವನ್ನ ಲೆಕ್ಕಕ್ಕೆ ತಗೊಂಡು ನೀತಿಯನ್ನ ಮತ್ತೆ ನೋಡಿ ಅಂತ ಇಲಾಖೆಗೆ ಹೇಳ್ತು. ಕುಟುಂಬ ಜೀವನ ಘನತೆಯ ಭಾಗ, ಮನೆ ನೋಡ್ಕೊಳ್ಳೋ ಹೊರೆ ಹೆಂಗಸರ ಮೇಲೇ ಬೀಳೋ ಸಮಾಜದಲ್ಲಿ ಎಲ್ಲರಿಗೂ ಒಂದೇ ನಿಯಮ ಅಂದ್ರೆ ಅದು ಸಮಾನ ಆಗಲ್ಲ ಅನ್ನೋ ಮಾತು ಅಲ್ಲಿ ಬಂತು. ಬ್ಯಾಂಕ್ ಆಫ್ ಇಂಡಿಯಾ ತೀರ್ಪು ಹೊಸ್ತಿಲಲ್ಲಿ ಕೇಳದೆ ಬಿಟ್ಟಿದ್ದ ಪ್ರಶ್ನೆಯನ್ನ ಮೂವತ್ತು ವರ್ಷದ ಮೇಲೆ ಯಾರೋ ಕೇಳಿದ ಹಾಗಿತ್ತು.

ಕೋರ್ಟಿನ ಹೊರಗೂ ಕೆಲವು ಬದಲಾವಣೆ ಆಗಿವೆ. ಪೊಲೀಸ್ ಸುಧಾರಣೆಯ ಪ್ರಕಾಶ್ ಸಿಂಗ್ ಪ್ರಕರಣದಲ್ಲಿ, 2006ರಲ್ಲಿ, ಮುಖ್ಯ ಪೊಲೀಸ್ ಹುದ್ದೆಗಳಿಗೆ ಎರಡು ವರ್ಷದ ಕನಿಷ್ಠ ಅವಧಿ ಅಂತ ಸುಪ್ರೀಂ ಕೋರ್ಟ್ ಹೇಳ್ತು. 2013ರಲ್ಲಿ ಮಾಜಿ ಸಂಪುಟ ಕಾರ್ಯದರ್ಶಿ ಟಿ.ಎಸ್.ಆರ್. ಸುಬ್ರಮಣಿಯನ್ ಮತ್ತಿತರ ನಿವೃತ್ತ ಅಧಿಕಾರಿಗಳ ಅರ್ಜಿ ಮೇಲೆ, ಐಎಎಸ್ ಅಧಿಕಾರಿಗಳಿಗೂ ಕನಿಷ್ಠ ಅವಧಿ ಇರಲಿ, ಬಾಯಿಮಾತಿನ ಆದೇಶಗಳನ್ನ ಬರಹಕ್ಕೆ ಇಳಿಸಿ ಅಂತು. ಇಷ್ಟಾದರೂ ಹರಿಯಾಣದ ಅಶೋಕ್ ಖೇಮ್ಕಾ ತಮ್ಮ ಸೇವೆಯಲ್ಲಿ 50ಕ್ಕೂ ಹೆಚ್ಚು ಸಲ ಎತ್ತಂಗಡಿಯಾದರು. ಮಹಾರಾಷ್ಟ್ರ 2005ರಲ್ಲಿ ವರ್ಗಾವಣೆಗೇ ಒಂದು ಕಾನೂನು ಮಾಡ್ತು. ಕರ್ನಾಟಕ 2007ರಲ್ಲಿ ಶಿಕ್ಷಕರ ವರ್ಗಾವಣೆ ಕಾಯ್ದೆ ತಂತು, 2020ರಲ್ಲಿ ಅದರ ಜಾಗದಲ್ಲಿ ಹೊಸದು ಬಂತು. ಕೌನ್ಸೆಲಿಂಗ್ ಹಾಲ್‌ನಲ್ಲಿ ಕೂತು, ಪರದೆ ಮೇಲೆ ಖಾಲಿ ಜಾಗಗಳನ್ನ ನೋಡಿ, ಸರದಿ ಬಂದಾಗ ಆರಿಸ್ಕೊಳ್ಳೋ ಪದ್ಧತಿ. ಅದರಲ್ಲೂ ಜಗಳ ಇದೆ, ಕಡ್ಡಾಯ ವರ್ಗಾವಣೆ ಮೇಲೆ ಕಣ್ಣೀರೂ ಇದೆ. ಆದ್ರೆ ಮಾರ್ಗಸೂಚಿ ಕಾಯ್ದೆಯಾದಾಗ ಬಿಹಾರ ಪ್ರಕರಣದ ಆ ಗೆರೆ ನೌಕರನ ಕಡೆಗೇ ಕೆಲಸ ಮಾಡುತ್ತೆ: ಶಾಸನಬದ್ಧ ನಿಯಮ ಮುರಿದರೆ ಕೋರ್ಟ್ ಕೈ ಹಾಕಬಹುದು.

ಖಾಸಗಿ ಕಂಪನಿಯಲ್ಲಿರೋ ನಮ್ಮಂಥವರಿಗೆ ಇದರಿಂದ ಏನು ಅಂತ ಕೇಳಬಹುದು. ನಿಮ್ಮ ಆಫರ್ ಲೆಟರ್ ಒಮ್ಮೆ ತೆಗೆದು ನೋಡಿ. ಕಂಪನಿ ನಿಮ್ಮನ್ನ ಯಾವ ಊರಿಗಾದ್ರೂ, ಯಾವ ವಿಭಾಗಕ್ಕಾದ್ರೂ ಹಾಕಬಹುದು ಅನ್ನೋ ಸಾಲು ಎಲ್ಲೋ ಒಂದು ಕಡೆ ಇರುತ್ತೆ. 1922ರ ನಿಯಮದ ಮೊಮ್ಮಗು ಅದು. ಕಂಪನಿ 'ರಾಜ್ಯ' ಅಲ್ಲ, ಹಾಗಾಗಿ 14ನೇ ವಿಧಿ ಹಿಡ್ಕೊಂಡು ಹೈಕೋರ್ಟಿಗೆ ಹೋಗಿ "ನನ್ನನ್ನೇ ಯಾಕೆ?" ಅಂತ ಕೇಳೋ ದಾರಿ ನಮಗೆ ಸಾಮಾನ್ಯವಾಗಿ ಇಲ್ಲ. ಸರ್ಕಾರಿ ಕೆಲಸ ಅಂದ್ರೆ ಆರಾಮು ಅಂತ ನಾವು ನಗ್ತೀವಿ. ಆ ಆರಾಮಿನಲ್ಲಿ ಈ ಪ್ರಶ್ನೆ ಕೇಳೋ ಹಕ್ಕೂ ಒಂದು. ಅದನ್ನ ಗಳಿಸಿಕೊಟ್ಟವರಲ್ಲಿ ಬಹಳಷ್ಟು ಜನ ತಮ್ಮ ಕೇಸು ಸೋತವರು.

ಅಪ್ಪ ಗೋರಖಪುರದಿಂದ ಒಂಬತ್ತು ಮನವಿ ಬರೆದರು. ಎಲ್ಲದರ ಕಾರ್ಬನ್ ಕಾಪಿ ಅಮ್ಮನ ಟ್ರಂಕಿನಲ್ಲಿ ಈಗಲೂ ಇವೆ. ಎಂಟಕ್ಕೆ ಉತ್ತರವೇ ಬರಲಿಲ್ಲ. ಒಂಬತ್ತನೇದಕ್ಕೆ ಬಂದ ಉತ್ತರ ಒಂದೇ ಸಾಲು: ಅವಧಿ ಮುಗಿದಿರೋದರಿಂದ ಆಡಳಿತಾತ್ಮಕ ಕಾರಣಗಳಿಂದಾಗಿ ನಿಮ್ಮನ್ನು ಕರ್ನಾಟಕಕ್ಕೆ ವರ್ಗಾಯಿಸಲಾಗಿದೆ. ಅಷ್ಟರಲ್ಲಿ ಅಜ್ಜಿ ತೀರಿಕೊಂಡು ನಾಲ್ಕು ತಿಂಗಳಾಗಿತ್ತು. ಅಪ್ಪ ಆ ಕಾಗದವನ್ನೂ ಮಡಿಸಿ ಅದೇ ಕಟ್ಟಿನೊಳಗೆ ಇಟ್ಟರು.